ಬಟ್ಟಲು ಮೂಸುವ ಹೆಂಗಸು

ಉಸಾಮಿ ಬಾಯಿ ತೆರೆದನೆಂದರೆ ಸುಳ್ಳು. ಅದೂ ಸಣ್ಣಪುಟ್ಟ ಸುಳ್ಳಲ್ಲ. ಮುಖ ತೊಳೆಸಿ, ತಲೆ ಬಾಚಿ, ಹೊಸ ಬಟ್ಟೆ ತೊಡಿಸಿ ನಾಲ್ಕು ಜನರೆದುರು ತಂದು ನಿಲ್ಲಿಸಿದಂಥ ಸುಳ್ಳು. ಗಾಜಿನ ಗೋಡೆಯ ಹಿಂದೆ ಕೂತ ತೊಯೊನೊಗೆ ಅವನ ಮಾತು ಅರ್ಧವೇ ಕೇಳಿಸುತ್ತಿತ್ತು. ಆದರೂ ಎರಡು ವರ್ಷದಿಂದ ಅದೇ ಪುರಾಣ ಕೇಳಿದವಳಿಗೆ ಅವನ ಕೈ ಏಳುವುದನ್ನು ನೋಡಿದರೆ ಸಾಕು, ಎಲ್ಲಿಗೆ ಬಂದಿದ್ದಾನೆಂದು ತಿಳಿಯುತ್ತಿತ್ತು. ಈಗ ಬಲಗೈ ಎತ್ತಿದ. ಅಂದರೆ ಕನ್ಯೆಯ ಕೂದಲಿನ ಅಧ್ಯಾಯ.

“ಸೆನ್ಸೇ ಕೈಲಿರೋ ಬ್ರಷ್ ನೋಡಿ. ಅದರಲ್ಲಿರೋದು ಹದಿನಾರು ತುಂಬದ ಹುಡುಗಿ ಕೂದಲು. ಸಮುದ್ರದ ಉಪ್ಪುಗಾಳಿ ಕುಡಿದು ಬೆಳೆದ ಕೂದಲೇ ಆಗಬೇಕು.”

ಗಾಜಿನಾಚೆ ಕಾಲುಚೀಲದಲ್ಲಿ ನಿಂತ ಎಂಟು ಜನ ಪ್ರವಾಸಿಗರು ಒಟ್ಟಿಗೆ ‘ಓ’ ಎಂದರು. ತೊಯೊನೊಗೆ ಮೈ ಉರಿಯಿತು. ಹೆಂಗಸಿನ ಕೂದಲು ಎನ್ನುವುದು ನಿಜ. ಯಾವ ಹೆಂಗಸು, ಎಲ್ಲಿಯವಳು, ಮೂರು ಹೆತ್ತವಳೋ ಮೊಮ್ಮಕ್ಕಳನ್ನು ಕಂಡವಳೋ, ಅದು ಬ್ರಷ್ ಕಟ್ಟುವವನಿಗೇ ಗೊತ್ತಿರುವುದಿಲ್ಲ. ಇವನೊಬ್ಬನಿಗೆ ಅವಳ ವಯಸ್ಸೂ ಗೊತ್ತು, ಅವಳು ಕುಡಿದ ಗಾಳಿಯೂ ಗೊತ್ತು.

ಸೆನ್ಸೇ ಅಂತೆ. ಗುರು ಎಂದು ಕರೆಸಿಕೊಳ್ಳುವಂಥ ಕೆಲಸವನ್ನು ಅವಳು ಆ ಗಾಜಿನ ಹಿಂದೆ ಮಾಡುತ್ತಿದ್ದರೆ ತಾನೆ? ಕೈಯಲ್ಲಿದ್ದ ಬ್ರಷ್ ಒಣಗಿತ್ತು. ಮುಂದಿದ್ದ ಬೋಗುಣಿ ಹೋದ ವರ್ಷವೇ ಮುಗಿದದ್ದು. ಮುಗಿದ ಬೋಗುಣಿಯ ಮೇಲೆ ಒಣಬ್ರಷ್ ಆಡಿಸುತ್ತ, ಹುಬ್ಬು ಗಂಟಿಕ್ಕಿ, ದಿನಕ್ಕೆ ಇಪ್ಪತ್ತು ನಿಮಿಷ ಕೂರಬೇಕು. ಕಟ್ಟಿಗೆಯ ಪಾತ್ರೆಗೆ ಮೆರುಗು ಕೊಡುವ ಉರುಶಿ ಮರದ ಹಾಲನ್ನು ಕೊನೆಯ ಸಲ ಬಳಿಯುವ ನಿಜವಾದ ಕೆಲಸ ನಡೆಯುವುದು ಮಹಡಿಯ ಮೇಲೆ, ಬಾಗಿಲು ಹಾಕಿ, ನೆಲ ಒದ್ದೆ ಮಾಡಿ, ಒಂದು ಧೂಳಿನ ಕಣವೂ ಏಳದ ಹಾಗೆ ಉಸಿರು ಬಿಗಿಹಿಡಿದು. ಅಲ್ಲಿಗೆ ಯಜಮಾನನಿಗೇ ಪ್ರವೇಶವಿಲ್ಲ. ಹಾಗಾಗಿ ಯಜಮಾನ ಇಗರಾಶಿ ಬುಂಜಿ ಕೆಳಗೆ ಈ ಗಾಜಿನ ಪಂಜರ ಕಟ್ಟಿಸಿ ಅವಳನ್ನು ಕೂರಿಸಿದ್ದ. ಅವನಪ್ಪ ಬದುಕಿದ್ದರೆ ಮಗನನ್ನೂ ಗಾಜನ್ನೂ ಒಂದೇ ಏಟಿಗೆ ಒಡೆಯುತ್ತಿದ್ದರು.

ತೊಯೊನೊ ಆ ಮನೆಗೆ ಕೆಲಸಕ್ಕೆ ಬಂದದ್ದು ಹದಿನೇಳರಲ್ಲಿ, ಈಗ ಅರವತ್ಮೂರು. ಬುಂಜಿಯ ಮೂಗು ಒರೆಸಿದವಳು ಅವಳೇ. ಅಂಥವಳ ಎದುರಿಗೆ ಎರಡು ವರ್ಷದ ಹಿಂದೆ ತೋಕ್ಯೋದ ಯಾವುದೋ ಜಾಹೀರಾತು ಕಂಪನಿ ಬಿಟ್ಟು ಬಂದ ಈ ಉಸಾಮಿಯನ್ನು ತಂದು ನಿಲ್ಲಿಸಿ, “ಇನ್ನು ಮೇಲೆ ಇವರು ಜನರನ್ನ ಕರ್ಕೊಂಡು ಬರ್ತಾರೆ, ಮಧ್ಯಾಹ್ನ ಉರುಶಿ, ಆಮೇಲೆ ಪಕ್ಕದ ಉಗ್ರಾಣದ ಅಕ್ಕಿಮದ್ಯ, ಸಾಕೆ” ಎಂದಿದ್ದ. ಉಸಾಮಿ ಮೊದಲ ದಿನವೇ ಹಸಿ ಬ್ರಷ್ ಮುಟ್ಟಿದ. ಮಾರನೇ ದಿನ ಅವನ ಮುಖ ಆವಿಯಲ್ಲಿ ಬೆಂದ ಬನ್ನಿನ ಹಾಗೆ ಊದಿ, ಕಣ್ಣು ಮುಚ್ಚಿ, ತುಟಿ ಮೇಲೆ ಗುಳ್ಳೆ ಎದ್ದು, ಗೇರುಸಿಪ್ಪೆಯ ಎಣ್ಣೆಯಲ್ಲಿ ಮುಖ ತೊಳೆದವನಂತೆ ಆಗಿದ್ದ. ಹನ್ನೆರಡು ದಿನ ಹಾಸಿಗೆ ಹಿಡಿದ. ತೊಯೊನೊ ಮಾತ್ರ ಆ ಹನ್ನೆರಡು ದಿನವೂ ನಕ್ಕಳು. ಅವಳ ಮೈಗೆ ಉರುಶಿ ಏನೂ ಮಾಡುತ್ತಿರಲಿಲ್ಲ. ನಲವತ್ತಾರು ವರ್ಷದಲ್ಲಿ ಅವೆರಡೂ ರಾಜಿಯಾಗಿದ್ದವು.

ಇಪ್ಪತ್ತು ನಿಮಿಷ ಮುಗಿಯಿತು. ತೊಯೊನೊ ಪಂಜರದಿಂದ ಹೊರಬಂದಳು.

“ಇದನ್ನ ಡಿಶ್‌ವಾಷರ್‌ಗೆ ಹಾಕಬಹುದಾ?” ಎಂದು ಒಸಾಕಾದ ಹಲ್ಲಿನ ಡಾಕ್ಟರೊಬ್ಬ ಕೇಳಿದ.

“ನಿಮ್ಮ ಹೆಂಡತೀನ ಹಾಕ್ತೀರಾ?” ಎಂದಳು ತೊಯೊನೊ.

ಅವನು ನಗಬೇಕೋ ಬೇಡವೋ ತಿಳಿಯದೆ ಹೆಂಡತಿಯ ಮುಖ ನೋಡಿದ. ಉಸಾಮಿ ನಡುವೆ ಬಂದು, “ಸೆನ್ಸೇ ಬೋಗುಣಿಗಳನ್ನ ಮನೆಯವರ ಹಾಗೆ ನೋಡ್ಕೋತಾರೆ” ಎಂದು ಅದಕ್ಕೂ ಒಂದು ಜರಿ ಅಂಚು ಹಚ್ಚಿದ. ಎಲ್ಲರೂ ತಲೆ ಆಡಿಸಿದರು. ಈ ಮನುಷ್ಯನ ಎದುರು ಬೈಗುಳಕ್ಕೂ ಬೆಲೆ ಉಳಿಯುವುದಿಲ್ಲ ಎಂದುಕೊಂಡಳು ತೊಯೊನೊ.

ಹೊರಗೆ ಫೆಬ್ರವರಿಯ ಹಿಮ ಸೊಂಟದೆತ್ತರ ಬಿದ್ದಿತ್ತು. ಎಲ್ಲರೂ ಬೂಟು ಮೆಟ್ಟಿ ಓಣಿ ದಾಟಿ ಸಾಕೆ ಉಗ್ರಾಣದ ಚಾಪೆಕೋಣೆಗೆ ಬಂದರು. ಉದ್ದನೆಯ ಮಣೆಯ ಮೇಲೆ ಒಂಬತ್ತು ಕೆಂಪು ಬಟ್ಟಲು ಸಾಲಾಗಿ ಕೂತಿದ್ದವು. ಹೊಸವು, ತೊಯೊನೊ ಕೈಯಲ್ಲಿ ಆದವು. ಬುಂಜಿ ಮೂಲೆಯಲ್ಲಿ ಫೋನ್ ಹಿಡಿದು ಫೋಟೋಗೆ ಸಿದ್ಧನಾಗಿದ್ದ.

ಆ ಬಟ್ಟಲುಗಳನ್ನು ನೋಡಿದ ಕೂಡಲೇ ತೊಯೊನೊ ಕಣ್ಣು ಬೇರೆ ಕಡೆ ಹೊರಳಿಸಿದಳು. ಅದಕ್ಕೊಂದು ಕಾರಣವಿತ್ತು. ಆ ಕಾರಣವನ್ನು ಅವಳು ಯಾರಿಗೂ ಹೇಳಿರಲಿಲ್ಲ.

ಉರುಶಿ ಮುಟ್ಟಿದರೆ ಅಂಟದಂತಾಗುವುದು ಒಂದೆರಡು ದಿನದ ಮಾತು. ಒಳಗೊಳಗೆ ಪೂರ್ತಿ ಕಟ್ಟಿಕೊಳ್ಳಲು ವಾರಗಟ್ಟಲೆ, ಕೆಲವೊಮ್ಮೆ ತಿಂಗಳುಗಟ್ಟಲೆ ಬೇಕು. ಕಣ್ಣಿಗೆ ಕಾಣುವುದಿಲ್ಲ, ಬೆರಳಿಗೂ ತಿಳಿಯುವುದಿಲ್ಲ. ತಿಳಿಯುವುದು ಮೂಗಿಗೆ. ಹಸಿ ಉಳಿದಿದ್ದರೆ ಒಂದು ಹುಳಿ ವಾಸನೆ ಇರುತ್ತದೆ. ವಾಸನೆ ಇರುವವರೆಗೆ ಬಟ್ಟಲನ್ನು ಬಾಯಿಗಿಟ್ಟರೆ ಉಸಾಮಿಗೆ ಬಂದ ಗತಿ. ಆದ್ದರಿಂದ ಇಗರಾಶಿ ಮನೆಯಲ್ಲಿ ಒಂದು ಪದ್ಧತಿ. ಯಾವ ಪಾತ್ರೆಯೂ ಹೊಸಿಲು ದಾಟುವ ಮೊದಲು ಒಬ್ಬರು ಅದರೊಳಗೆ ಮೂಗಿಟ್ಟು, ಉಸಿರೆಳೆದು, ‘ಹೋಗಲಿ’ ಎನ್ನಬೇಕು. ಮೊದಲು ಬುಂಜಿಯ ಅಪ್ಪ ಹೇಳುತ್ತಿದ್ದರು. ಸಾಯುವ ವರ್ಷ ಎಲ್ಲರ ಎದುರು ಆ ಕೆಲಸವನ್ನು ತೊಯೊನೊಗೆ ಕೊಟ್ಟರು. ಮನೆಯ ಹೆಸರು ಮಗನಿಗೆ ಹೋಯಿತು, ಮೂಗಿನ ಅಧಿಕಾರ ಇವಳಿಗೆ ಬಂತು. ಎರಡರಲ್ಲಿ ಯಾವುದು ದೊಡ್ಡದು ಎಂದು ಅವಳಿಗೆ ಯಾವತ್ತೂ ಸಂಶಯವಿರಲಿಲ್ಲ.

ಅಕ್ಟೋಬರಿನಲ್ಲಿ ನಾಲ್ಕು ದಿನ ಜ್ವರ ಬಂತು. ಜ್ವರ ಹೋಯಿತು, ಹೋಗುವಾಗ ವಾಸನೆಯನ್ನೂ ಕರೆದುಕೊಂಡು ಹೋಯಿತು. ಒಲೆಯ ಮೇಲೆ ಬಂಗುಡೆ ಕರಕಲಾದದ್ದು ಹೊಗೆ ಕಣ್ಣಿಗೆ ಹೊಕ್ಕ ಮೇಲೆ ಗೊತ್ತಾಯಿತು. ಮೀಸೋ ಸಾರು ಬಿಸಿ ಉಪ್ಪುನೀರಾಯಿತು. ನಾಳೆ ಬರುತ್ತದೆ, ಹೊಸ ವರ್ಷಕ್ಕೆ ಬರುತ್ತದೆ ಎಂದು ಕಾದಳು. ಬರಲಿಲ್ಲ. ಅಷ್ಟು ದಿನವೂ ಪ್ರತಿ ಬೋಗುಣಿಯೊಳಗೂ ಮೂಗಿಟ್ಟು, ಕಣ್ಣು ಮುಚ್ಚಿ, ‘ಹೋಗಲಿ’ ಎನ್ನುತ್ತಲೇ ಇದ್ದಳು. ದಿನ ಎಣಿಸಿ ಅಂದಾಜಿನಲ್ಲಿ ಹೇಳುತ್ತಿದ್ದಳು. ಬಳಿದು ಮೂರು ತಿಂಗಳಾದ ಪಾತ್ರೆಗೆ ಮೂಗು ಯಾಕೆ, ಕ್ಯಾಲೆಂಡರ್ ಸಾಕು ಎಂದು ತನಗೆ ತಾನೇ ಸಮಾಧಾನ ಹೇಳಿಕೊಂಡಿದ್ದಳು.

ಈ ಒಂಬತ್ತು ಬಟ್ಟಲಿಗೆ ಮಾತ್ರ ಬುಂಜಿ ತರಾತುರಿ ಮಾಡಿದ್ದ. ಬಳಿದು ಇಪ್ಪತ್ತನಾಲ್ಕು ದಿನ. ಹೋದ ವರ್ಷ ಇದೇ ಕೆಂಪು ಇಪ್ಪತ್ತನಾಲ್ಕು ದಿನಕ್ಕೆ ಕಟ್ಟಿಕೊಂಡಿತ್ತು. ಆದರೆ ಈ ಸಲದ ಚಳಿಗೆ, ಬಳಿದ ಪಾತ್ರೆ ಕಟ್ಟಿಕೊಳ್ಳಲು ಇಡುವ ತೇವದ ಗೂಡಿನೊಳಗಿನ ಒದ್ದೆ ಬಟ್ಟೆಯೂ ಹಿಮಗಟ್ಟಿದಂತಾಗಿತ್ತು. ಚಳಿ ಹೆಚ್ಚಿದಷ್ಟೂ ಉರುಶಿ ಕಟ್ಟುವುದು ತಡ. “ಆಗಲ್ಲ ಅಂದ್ರೆ ಆಗಲ್ಲ ಅನ್ನಿ ತೊಯೊನೊಸಾನ್, ನಿಮ್ಮ ಮೂಗು ಹೇಳಿದ್ದೇ ಕೊನೆ” ಎಂದಿದ್ದ ಬುಂಜಿ ಬೆಳಿಗ್ಗೆ. ಆಗಲ್ಲ ಎನ್ನಬಹುದಿತ್ತು. ಎಷ್ಟು ದಿನ ಬೇಕು ಎಂದು ಅವನು ಮರುಪ್ರಶ್ನೆ ಕೇಳಿದರೆ? ವಾಸನೆ ಎಷ್ಟಿದೆ ಎಂದು ಕೇಳಿದರೆ? ಅವಳು ಬಾಯುಸಿರು ಬಿಟ್ಟು ನೋಡಿದಳು, ಬಟ್ಟಲ ಮೇಲೆ ಬಿಳಿ ಮಂಜು ಕಟ್ಟಿತು. ಮೇಲಂತೂ ಗಟ್ಟಿಯಾಗಿದೆ. “ಸಂಜೆ ಎಲ್ಲರ ಎದುರು ಹೇಳ್ತೀನಿ” ಎಂದುಬಿಟ್ಟಳು.

ಯಾಕೆಂದರೆ ಉಸಾಮಿ ಈ ಪದ್ಧತಿಯನ್ನೂ ಬಿಟ್ಟಿರಲಿಲ್ಲ. ಅದನ್ನೂ ಆಟ ಮಾಡಿದ್ದ.

“ಈಗ ಎಲ್ಲರೂ ಮೌನವಾಗಿರಬೇಕು” ಎಂದ ಅವನು ಚಾಪೆಯ ಮೇಲೆ ಮಂಡಿಯೂರಿ. “ಐನೂರು ವರ್ಷದಿಂದ ಈ ಮನೆಯ ಒಂದೇ ಒಂದು ಮೂಗು...”

ಮನೆಗೇ ನೂರೈವತ್ತು ವರ್ಷವಾಗಿರಲಿಲ್ಲ. ತೊಯೊನೊ ಮೊದಲ ಬಟ್ಟಲು ಎತ್ತಿಕೊಂಡಳು. ಒಳಗೆ ಮೂಗಿಟ್ಟಳು. ಒಳಗೆ ಏನೂ ಇರಲಿಲ್ಲ. ಅಕ್ಟೋಬರಿನಿಂದ ಈ ಪ್ರಪಂಚದಲ್ಲಿ ಯಾವುದರೊಳಗೂ ಏನೂ ಇರಲಿಲ್ಲ.

“ಹೋಗಲಿ” ಎಂದಳು.

ಒಂಬತ್ತು ಸಲ ಎಂದಳು. ಫೋನುಗಳು ಚಕಚಕನೆ ಮಿನುಗಿದವು. ಕೊನೆಯದನ್ನು ಕೆಳಗಿಡುವಾಗ ಅವಳಿಗೆ ಗಾಜಿನ ಹಿಂದಿನ ಒಣಬ್ರಷ್ ನೆನಪಾಯಿತು. ತಕ್ಷಣ ಉಸಾಮಿಯ ಮೇಲೆ ಇನ್ನಷ್ಟು ಸಿಟ್ಟು ಬಂತು.

ಉಸಾಮಿ ಸಾಕೆ ಸುರಿದ. ಎಂಟು ಜನಕ್ಕೆ ಎಂಟು, ತನಗೊಂದು. “ತಕ್ಷಣ ಕುಡೀಬೇಡಿ. ಮೊದಲು ಮೂಗಿನ ಹತ್ರ ತನ್ನಿ. ನಿಮಗೆ ಮೊದಲು ಮರಸೇಬು ಸಿಗುತ್ತೆ. ಅದರ ಹಿಂದೆ ಕರಬೂಜ. ಕೊನೇಲಿ ಬೆಳಗಿನ ಹಿಮ.”

ಹಿಮಕ್ಕೆ ವಾಸನೆಯಂತೆ! ತೊಯೊನೊ ಮೂಗು ಮುರಿದಳು. ಅಕ್ಕಿ ಕೊಳೆಸಿ ಹಿಂಡಿದ್ದಕ್ಕೆ ಹಣ್ಣಿನ ಅಂಗಡಿಯನ್ನೇ ಹೊರಿಸುತ್ತಾನೆ. ಉಸಾಮಿ ತನ್ನ ಬಟ್ಟಲು ಎತ್ತಿ, ಕಣ್ಣು ಅರ್ಧ ಮುಚ್ಚಿ, ಉಸಿರೆಳೆದ. ಹಾಗೇ ಕೂತ. ಇನ್ನೊಮ್ಮೆ ಉಸಿರೆಳೆದ. ಅವನ ಮುಖದ ಮೇಲಿನ ನಗು ಮೆಲ್ಲಗೆ ಇಳಿದುಹೋಯಿತು.

“ತೊಯೊನೊಸಾನ್” ಎಂದ, ತಗ್ಗಿದ ದನಿಯಲ್ಲಿ. ಸೆನ್ಸೇ ಎನ್ನುವುದು ಮರೆತಿದ್ದ. “ಇದರಲ್ಲಿ ಉರುಶಿ ವಾಸನೆ ಇದೆ.”

“ಏನಂದೆ?”

“ಹಸಿ ವಾಸನೆ. ಇನ್ನೊಂದು ಸಲ ನೋಡ್ತೀರಾ?”

ಕೋಣೆಯ ಎಲ್ಲ ಮುಖಗಳೂ ಅವಳ ಕಡೆ ತಿರುಗಿದವು. ಬುಂಜಿಯ ಫೋನು ಕೆಳಗಿಳಿಯಿತು. ತೊಯೊನೊಗೆ ನೆತ್ತಿಗೆ ಬಿಸಿ ಏರಿತು. ಯಾರು ಹೇಳುತ್ತಿರುವುದು? ಹಿಮದ ವಾಸನೆ ಹಿಡಿಯುವ ಈ ಬುರುಡೆದಾಸನೇ?

“ಸಾಕೇಲಿ ಮರಸೇಬು ಹುಡುಕೋನಿಗೆ ಬಟ್ಟಲಲ್ಲಿ ಉರುಶಿ ಸಿಗದೆ ಇರುತ್ತಾ” ಎಂದಳು ಎಲ್ಲರಿಗೂ ಕೇಳುವಂತೆ. “ನಾನು ಈ ಕೆಲಸಕ್ಕೆ ಬಂದಾಗ ನೀನು ಇನ್ನೂ ಹುಟ್ಟಿರ್ಲಿಲ್ಲ ಕಣಪ್ಪ. ನಿನ್ನ ಮೂಗು ಇರೋದು ಕನ್ನಡಕ ನಿಲ್ಲಿಸೋಕೆ. ಅಷ್ಟೇ ಮಾಡು ಅಂತ ಅದಕ್ಕೆ ಹೇಳು.”

ಎಲ್ಲರೂ ನಕ್ಕರು. ಹಲ್ಲಿನ ಡಾಕ್ಟರ್ ಎಲ್ಲರಿಗಿಂತ ಜೋರಾಗಿ, ತನ್ನ ಸೇಡು ತೀರಿತೆಂಬಂತೆ ನಕ್ಕ. ಉಸಾಮಿಯ ಕಿವಿ ಕೆಂಪಾಯಿತು. ಆದರೂ ಅವನು ಬಟ್ಟಲು ಕೆಳಗಿಟ್ಟ, ಕುಡಿಯಲಿಲ್ಲ.

ನಗೊಯಾದಿಂದ ಒಬ್ಬ ತಾಯಿ, ಮಗಳು ಬಂದಿದ್ದರು. ಮಗಳಿಗೆ ಬರುವ ಭಾನುವಾರ ಮದುವೆ. ಮದುವೆಯಲ್ಲಿ ಗಂಡುಹೆಣ್ಣು ಸಾಕೆ ಕುಡಿಯುವ ಬಟ್ಟಲು ನೋಡಲೆಂದೇ ಬಂದವರು. ಆ ಹುಡುಗಿ ತನ್ನ ಬಟ್ಟಲನ್ನು ಮೂಗಿನ ಹತ್ತಿರ ಹಿಡಿದು ಹಿಂಜರಿಯುತ್ತ, “ಅಮ್ಮ, ನನಗೂ ಏನೋ ಒಂಥರಾ ಹುಳಿ ಹುಳಿ ಬರ್ತಿದೆ” ಎಂದಳು.

“ಚಿಹಾರು, ಸುಮ್ಮನಿರು” ಎಂದು ತಾಯಿ ತಗ್ಗಿದ ದನಿಯಲ್ಲಿ ಗದರಿದಳು. “ಸೆನ್ಸೇನೇ ಹೋಗಲಿ ಅಂದಮೇಲೆ ನಿಂದೇನು? ಕುಡಿ.”

ಹುಡುಗಿ ತೊಯೊನೊ ಕಡೆ ನೋಡಿ ಕ್ಷಮೆ ಕೇಳುವಂತೆ ತಲೆ ಬಾಗಿಸಿದಳು. ಪುಟ್ಟ ಬಾಯಿ, ತೆಳು ತುಟಿ, ತುಟಿಗೆ ಹಚ್ಚಿದ್ದೂ ಗೊತ್ತಾಗದಂಥ ಬಣ್ಣ. ಬಟ್ಟಲು ಎತ್ತಿದಳು.

ತೊಯೊನೊ ಅವಳ ತುಟಿಯನ್ನೇ ನೋಡಿದಳು. ಹದಿನೇಳನೇ ವಯಸ್ಸಿನಲ್ಲಿ, ಕೆಲಸಕ್ಕೆ ಸೇರಿದ ಮೂರನೇ ದಿನ, ಕನ್ನಡಿಯಲ್ಲಿ ತಾನು ಕಂಡ ಮುಖ ನೆನಪಾಯಿತು. ಕಣ್ಣು ಎರಡು ಗೀರು. ತುಟಿ ಒಡೆದು ನೀರು ಸೋರುತ್ತಿತ್ತು. ಅನ್ನದ ತುತ್ತು ಬಾಯಿಗೆ ಹೋಗದೆ ಅತ್ತಿದ್ದಳು. ಭಾನುವಾರಕ್ಕೆ ಇನ್ನು ನಾಲ್ಕೇ ದಿನ.

ಇಬ್ಬರಿಗೆ ಬಂದಿದೆ ವಾಸನೆ. ಒಬ್ಬ ಸುಳ್ಳ ಇರಬಹುದು. ಈ ಹುಡುಗಿ ಯಾಕೆ ಸುಳ್ಳು ಹೇಳುತ್ತಾಳೆ?

“ಕುಡೀಬೇಡ” ಎಂದು ತೊಯೊನೊ ಮಣೆ ದಾಟಿ ಕೈ ಚಾಚಿ ಬಟ್ಟಲು ಕಿತ್ತುಕೊಂಡಳು. ಸಾಕೆ ಹುಡುಗಿಯ ತೋಳಿನ ಮೇಲೆ ಚೆಲ್ಲಿತು. ಬುಂಜಿ ಅರ್ಧ ಎದ್ದು ನಿಂತ. ಹೇಳಲೇಬೇಕು. ಹೇಳಿದರೆ ಅಕ್ಟೋಬರಿನಿಂದ ಹೊಸಿಲು ದಾಟಿದ ಪ್ರತಿಯೊಂದು ಪಾತ್ರೆಯ ಮೇಲೂ ಪ್ರಶ್ನೆ ಏಳುತ್ತದೆ. ಆಮೇಲೆ ಆ ಮನೆಯಲ್ಲಿ ಅವಳಿಗೆ ಉಳಿಯುವುದು ಗಾಜಿನ ಪಂಜರ ಒಂದೇ.

“ನನಗೆ...” ಎಂದಳು. “ಯಜಮಾನರೇ, ನನಗೆ ಏನಂದ್ರೆ...”

“ಸೆನ್ಸೇ, ಕ್ಷಮಿಸಬೇಕು, ತಪ್ಪು ನಂದು” ಎಂದು ಉಸಾಮಿಯ ದನಿ ಕೇಳಿಸಿತು. ಅದು ಅವನ ಹಳೆಯ ದನಿ, ಜರಿ ಅಂಚಿನದು. ಅವನು ಎದ್ದು ನಿಂತು ಎಲ್ಲರಿಗೂ ಸೊಂಟ ಬಗ್ಗಿಸಿದ. “ನಾನು ಮುಖ್ಯವಾದ್ದನ್ನೇ ಹೇಳೋದು ಮರೆತೆ. ಹೊಸ ಬಟ್ಟಲಿನ ಮೊದಲ ಸಾಕೇನ ಅತಿಥಿಗಳು ಮುಟ್ಟೋ ಹಾಗಿಲ್ಲ. ಬಟ್ಟಲಿನಲ್ಲಿ ಏನೇ ವಿಷ ಉಳಿದಿದ್ರೂ ಅದು ಮಾಡಿದವರ ಮೈಗೇ ಸೇರಲಿ ಅಂತ, ಮೊದಲ ಸುತ್ತು ಪೂರ್ತಿ ಮಾಡಿದವರೇ ಕುಡೀಬೇಕು. ‘ಹೋಗಲಿ’ ಅಂದಮೇಲೂ ಅತಿಥಿ ಎತ್ತೋವರೆಗೂ ಕಾದು, ಕೈಯಿಂದ ಕಿತ್ಕೊಂಡೇ ಕುಡೀಬೇಕು. ಅದೇ ಕ್ರಮ. ಈಗ ಎಲ್ಲರೂ ಬಟ್ಟಲು ಕೆಳಗಿಟ್ಟು ಅಲ್ಲಿ ಕೈ ತೊಳ್ಕೊಳ್ಳಿ. ಸೋಪು ಹಾಕಿ, ಚೆನ್ನಾಗಿ. ಅದೂ ಕ್ರಮ.”

ಎಂಥ ನಿರ್ಲಜ್ಜ ಸುಳ್ಳು! ಕೋಣೆಯಲ್ಲಿ ಮತ್ತೆ ‘ಓ’ ಎಂಬ ಉದ್ಗಾರ ಎದ್ದಿತು. ಸಾಕೆ ಚೆಲ್ಲಿದ ತೋಳನ್ನು ಹುಡುಗಿ ಏನೋ ಪ್ರಸಾದ ಬಿದ್ದಂತೆ ನೋಡಿಕೊಂಡಳು. ಉಸಾಮಿ ತೊಯೊನೊ ಪಕ್ಕ ಮಂಡಿಯೂರಿ, ಮೊದಲ ಬಟ್ಟಲನ್ನು ಕರವಸ್ತ್ರದಲ್ಲಿ ಹಿಡಿದು ಅವಳ ಕೈಗೆ ಕೊಟ್ಟ. ತುಟಿ ಅಲುಗಿಸದೆ, “ಕುಡೀರಿ, ನಿಮಗೇನೂ ಆಗಲ್ವಲ್ಲ” ಎಂದ.

ಕುಡಿದಳು. ಎಂಟು ಜನ ಕೈ ತೊಳೆದು ಬಂದು ಸುತ್ತ ಕೂತು ನೋಡುತ್ತಿರಲು ಒಂದಾದ ಮೇಲೊಂದು ಒಂಬತ್ತು ಬಟ್ಟಲು ಕುಡಿದಳು. ಮರಸೇಬೂ ಇರಲಿಲ್ಲ, ಕರಬೂಜವೂ ಇರಲಿಲ್ಲ, ತಣ್ಣನೆಯ ಉರಿ ಒಂದಿತ್ತು. ಎರಡು ವರ್ಷ ಯಾರ ಸುಳ್ಳಿನ ಮೇಲೆ ಉಗಿದಿದ್ದಳೋ ಅದೇ ಸುಳ್ಳಿನ ಒಳಗೆ ಕೂತು ಕುಡಿಯುತ್ತಿದ್ದಳು. ಒಂಬತ್ತನೆಯದು ಮುಗಿದಾಗ ಎಲ್ಲರೂ ಚಪ್ಪಾಳೆ ತಟ್ಟಿದರು. ಹಲ್ಲಿನ ಡಾಕ್ಟರ್ ಕಣ್ಣೊರೆಸಿಕೊಂಡ. ಅತಿಥಿಗಳಿಗೆ ಗಾಜಿನ ಲೋಟದಲ್ಲಿ ಸಾಕೆ ಬಂತು.

ಎಲ್ಲರೂ ಹೋದ ಮೇಲೆ ತೊಯೊನೊ ಹೊರಗೆ ಹಿಮದ ಗೋಡೆಗೆ ಕೈ ಆನಿಸಿ ನಿಂತಿದ್ದಳು. ತಲೆ ತಿರುಗುತ್ತಿತ್ತು. ಉಸಾಮಿ ಪಕ್ಕದಲ್ಲಿ ಬಂದು ನಿಂತ.

“ಯಾವಾಗಿಂದ?” ಎಂದ.

“ಅಕ್ಟೋಬರಿಂದ.” ಹೇಳಿದ ಮೇಲೆ ಅವಳಿಗೇ ಆಶ್ಚರ್ಯವಾಯಿತು. ಇಷ್ಟು ಸುಲಭವಿತ್ತೇ ಅದು. “ನಿನಗೆ ಹೇಗೆ ಗೊತ್ತಾಯ್ತು?”

“ಹನ್ನೆರಡು ದಿನ ಆ ವಾಸನೇಲೇ ಮಲಗಿದ್ದೆ. ಸತ್ತರೂ ಮರೆಯಲ್ಲ. ಅದನ್ನ ಒಂಬತ್ತು ಸಲ ಮೂಸಿ ಒಂಬತ್ತು ಸಲ ಹೋಗಲಿ ಅಂದ್ರಲ್ಲ.”

“ಬುಂಜಿಗೆ ಹೇಳ್ತೀಯಾ?”

“ನಾನು ನಿಜ ಹೇಳಿದ್ರೆ ಯಾರು ನಂಬ್ತಾರೆ? ನೀವೇ ನಂಬಲಿಲ್ಲ. ಹೇಳೋದಾದ್ರೆ ನೀವೇ ಹೇಳಬೇಕು.”

ಅವಳಿಗೆ ಕೆನ್ನೆಗೆ ಹೊಡೆದಂತಾಯಿತು.

ಮಾರನೇ ಬೆಳಿಗ್ಗೆ ತಲೆನೋವು ಹೊತ್ತುಕೊಂಡು ಬಂದವಳಿಗೆ ಬುಂಜಿ ಅಂಗಳದಲ್ಲೇ ಎದುರಾದ. ಮುಖವೆಲ್ಲ ಹಿಗ್ಗು. “ತೊಯೊನೊಸಾನ್, ನಿನ್ನೆದು ಅದ್ಭುತ. ಆ ಪದ್ಧತಿ ಅಪ್ಪ ನನಗೆ ಹೇಳೇ ಇರ್ಲಿಲ್ಲ ನೋಡಿ. ಇನ್ಮೇಲೆ ಪ್ರತಿ ಸಲ ಇಟ್ಕೊಳ್ಳೋಣ. ಕರಪತ್ರಕ್ಕೂ ಹಾಕಿಸ್ತೀನಿ.”

ತೊಯೊನೊ ಅವನನ್ನು ನೋಡಿದಳು. ಅಪ್ಪನ ಮನೆಯಲ್ಲಿ ಹುಟ್ಟಿ, ಅಪ್ಪನ ಪದ್ಧತಿ ಯಾವುದು, ಬಾಡಿಗೆ ಬಾಯಿಯ ಸುಳ್ಳು ಯಾವುದು ಎಂದು ತಿಳಿಯದ ಇವನ ಮೂಗನ್ನು ತಾನು ಒರೆಸಿ ಒರೆಸಿ ಏನು ಬಂತು? ಅಷ್ಟು ತಿರಸ್ಕಾರ ಅವಳ ಬಾಯಿಗೆ ಬಂದಿತ್ತು. ಆದರೆ ಅದನ್ನು ಉಗಿಯುವ ಹಕ್ಕು ನಿನ್ನೆಯೇ ಕೈಬಿಟ್ಟು ಹೋಗಿತ್ತು.

“ಅದು ಪದ್ಧತಿ ಅಲ್ಲ ಬುಂಜಿ. ನನಗೆ ವಾಸನೆ ಬರಲ್ಲ” ಎಂದಳು. “ನಾಲ್ಕು ತಿಂಗಳಾಯ್ತು. ಅಕ್ಟೋಬರಿಂದ ಹೋಗಿರೋ ಪಾತ್ರೆ ಒಂದೊಂದನ್ನೂ ವಾಪಸ್ ತರಿಸು.”

ಬುಂಜಿ ಕೈಯಲ್ಲಿದ್ದ ಫೋನು ಜೇಬಿಗಿಳಿಸಿದ. ಆಮೇಲೆ ಅವನು ಕೇಳಿದ್ದು, “ಹಾಗಾದ್ರೆ ಕರಪತ್ರಕ್ಕೆ ಹಾಕಿಸೋದು ಬೇಡ್ವಾ?”

ಪಾತ್ರೆಗಳು ಒಂದೊಂದಾಗಿ ವಾಪಸ್ ಬಂದವು. ಬಳಿದು ಮೂರು ತಿಂಗಳಾದ ಮೇಲೇ ಹೊಸಿಲು ದಾಟಿದವಾದ್ದರಿಂದ ಯಾರಿಗೂ ಏನೂ ಆಗಿರಲಿಲ್ಲ. ಕರಪತ್ರದಲ್ಲಿ ಪದ್ಧತಿ ಹಾಗೇ ಬಂತು, ಮುನ್ನೂರು ವರ್ಷದ್ದೆಂದು. ಐನೂರು ಜಾಸ್ತಿಯಾಯಿತೆಂದು ಬುಂಜಿಗೇ ಅನಿಸಿತ್ತಂತೆ. ಗಾಜಿನ ಪಂಜರವೂ ಅಲ್ಲೇ ಇದೆ. ನಗೊಯಾದಿಂದ ಮದುವೆಯ ಫೋಟೋ ಬಂತು. ತೊಯೊನೊ ಕನ್ನಡಕ ಹಾಕಿಕೊಂಡು ಹುಡುಗಿಯ ತುಟಿಯನ್ನು ಬಹಳ ಹೊತ್ತು ನೋಡಿ, ಫೋಟೋವನ್ನು ಬ್ರಷ್‌ಗಳ ಡಬ್ಬಿಯಲ್ಲಿಟ್ಟಳು.

ಈಗ ಬೆಳಿಗ್ಗೆ ಎಂಟಕ್ಕೆ ಉಸಾಮಿ ಹಿಮ ಕೊಡವಿಕೊಂಡು ಮಹಡಿಯ ಬಾಗಿಲಾಚೆ ಬಂದು ಕೂರುತ್ತಾನೆ. ಒಳಗೆ ಬರಲು ಇನ್ನೂ ಅಪ್ಪಣೆ ಇಲ್ಲ. ತೊಯೊನೊ ಬಾಗಿಲು ಒಂದು ಗೇಣು ಸರಿಸಿ ಬಟ್ಟಲು ದಾಟಿಸುತ್ತಾಳೆ.

“ಸೆಂಟ್ ಹಾಕೋದು ಬಿಟ್ಟೆ, ಅಡ್ಡ ಬರುತ್ತೆ ಅಂತ” ಎಂದ ಮೊದಲ ದಿನ.

ಅವನು ಸೆಂಟ್ ಹಾಕುತ್ತಿದ್ದದ್ದು ಅವಳಿಗೆ ಗೊತ್ತಿತ್ತು, ವಾಸನೆ ಹೋದ ಮೇಲೆ ಮರೆತಿತ್ತು. “ಮಾತು ಕಮ್ಮಿ ಮಾಡು, ಮೂಸು” ಎಂದಳು.

ಮೂಸಿದ. “ಇನ್ನೂ ಇದೆ. ಹದಿನೈದು ದಿನ.” ಬಟ್ಟಲು ಗೂಡಿಗೆ ವಾಪಸ್ ಹೋಯಿತು.

ಹದಿನೈದು ದಿನ ಕಳೆದು ಅದೇ ಒಂಬತ್ತು ಕೆಂಪು ಬಟ್ಟಲು ಮತ್ತೆ ಬಾಗಿಲ ಸಂದಿಗೆ ಬಂದವು. ಉಸಾಮಿ ಮೊದಲನೆಯದನ್ನು ಮೂಸಿದ. ಕಣ್ಣು ಮುಚ್ಚಿ ಇನ್ನೊಮ್ಮೆ ಮೂಸಿದ. ತೊಯೊನೊ ಬಾಗಿಲೊಳಗಿಂದ ಅವನ ಮುಖವನ್ನೇ ನೋಡುತ್ತಿದ್ದಳು.

“ಏನೂ ಇಲ್ಲ” ಎಂದ. “ಹೋಗ...”

“ಆ ಮಾತು ಹೇಳೋದು ನಾನು. ಇಲ್ಲಿ ಕೊಡು.”

ಬಟ್ಟಲನ್ನು ಕೈಗೆ ತೆಗೆದುಕೊಂಡು ಒಳಗೆ ಮೂಗಿಟ್ಟು ಉಸಿರೆಳೆದಳು. ಏನೂ ಇರಲಿಲ್ಲ. ಸರಿಯಾಗಿ ಕಟ್ಟಿಕೊಂಡ ಬಟ್ಟಲಿನಲ್ಲಿ ಯಾರ ಮೂಗಿಗೂ ಏನೂ ಸಿಗುವುದಿಲ್ಲ. ಅಕ್ಟೋಬರಿನಿಂದ ಈಚೆಗೆ ಮೊದಲ ಸಲ ಅವಳ ಮೂಗು ನಿಜ ಹೇಳಿತ್ತು.

“ಹೋಗಲಿ” ಎಂದಳು.